ಕೈಗೂಸು ಯಾರ ಕೈಯಲ್ಲಿ?

ಕನ್ನಡದಲ್ಲಿ ‘ಕೈಗೂಸು’ ಎಂಬ ಮಾತೊಂದಿದೆ. ಇನ್ನೂ ನೆಲಕ್ಕೆ ಬಿಡಲಾಗದ, ಯಾರಾದರೊಬ್ಬರು ಎತ್ತಿಕೊಂಡೇ ಇರಬೇಕಾದ ಮಗು ಎಂದು ಅದರ ಅರ್ಥ. ಮಾತು ಚಿಕ್ಕದು, ಅದರೊಳಗೆ ಅಡಗಿರುವ ಪ್ರಶ್ನೆ ಚಿಕ್ಕದಲ್ಲ. ಕೈಗೂಸು ಎಂದರೆ ಯಾರ ಕೈಯ ಕೂಸು? ತಾಯಿಯ ಕೈಯದು ಎಂದು ನೀವು ತಟ್ಟನೆ ಹೇಳಬಹುದು. ಸ್ವಲ್ಪ ತಾಳಿ. ನಿಮ್ಮ ಮನೆಯಲ್ಲಿ ಎಪ್ಪತ್ತು ದಾಟಿದ ಹಿರಿಯರಿದ್ದರೆ, ಅವರನ್ನು ಎತ್ತಿ ಆಡಿಸಿದವರು ಯಾರು ಎಂದು ಕೇಳಿ ನೋಡಿ. ಅಕ್ಕ, ದೊಡ್ಡಮ್ಮ, ಸೋದರತ್ತೆ, ಪಕ್ಕದ ಮನೆಯ ಅಜ್ಜಿ ಎಂದು ಪಟ್ಟಿ ಬೆಳೆಯುತ್ತಾ ಹೋಗುತ್ತದೆ. ತಾಯಿಯ ಹೆಸರು ಎಷ್ಟೋ ಹೊತ್ತಿನ ಮೇಲೆ ಬರುತ್ತದೆ. ಅದೇ ಪ್ರಶ್ನೆಯನ್ನು ನಿಮ್ಮ ಮನೆಯ ಐದು ವರ್ಷದ ಮಗುವಿನ ವಿಷಯವಾಗಿ ಕೇಳಿ. ಎರಡು ಮೂರು ಹೆಸರಿಗೆ ಉತ್ತರ ಮುಗಿದುಹೋಗುತ್ತದೆ. ಈ ಎರಡು ಉತ್ತರಗಳ ನಡುವೆ ನಮ್ಮ ಸಂಸಾರಗಳಲ್ಲಿ ಏನೇನು ನಡೆಯಿತು ಎಂಬುದನ್ನು ಕುರಿತು ಈ ಹೊತ್ತು ನಿಮ್ಮೊಡನೆ ನಾಲ್ಕು ಮಾತನಾಡಬೇಕೆಂದಿದ್ದೇನೆ.

ನಾನು ಪ್ರೌಢಶಾಲೆಯಲ್ಲಿ ಕನ್ನಡ ಹೇಳಿಕೊಡುವವಳು. ಲೋಕದ ಯಾವ ಬದಲಾವಣೆಯಾದರೂ ನನಗೆ ಮೊದಲು ಕಣ್ಣಿಗೆ ಬೀಳುವುದು ಮಾತಿನಲ್ಲಿ. ಹೋದ ವರ್ಷ ಒಂಬತ್ತನೆಯ ತರಗತಿಯಲ್ಲಿ ಪಾಠದ ನಡುವೆ ‘ಓರಗಿತ್ತಿ’ ಎಂಬ ಪದ ಬಂತು. ತರಗತಿಯಲ್ಲಿ ನಲವತ್ತು ಮಕ್ಕಳು. ಅರ್ಥ ಬಲ್ಲವರು ಮೂವರು. ‘ಷಡ್ಡಕ’ ಯಾರಿಗೂ ತಿಳಿಯದು. ‘ನಾದಿನಿ’ ಮಾತ್ರ ಎಲ್ಲರಿಗೂ ತಿಳಿದಿತ್ತು. ಅದು ದೂರದರ್ಶನದ ಧಾರಾವಾಹಿಗಳ ಉಪಕಾರ. ಅಲ್ಲಿ ಅವಳು ಸದಾ ಕೇಡು ಬಗೆಯುವವಳಾದ್ದರಿಂದ ಮಕ್ಕಳು ಆ ಪದಕ್ಕೆ ‘ಕೆಟ್ಟವಳು’ ಎಂದೇ ಅರ್ಥ ಹೇಳಿದರು! ನಗುವ ಮಾತು, ನಿಜ. ಒಬ್ಬೊಬ್ಬರೇ ಮಕ್ಕಳಿರುವ ಮನೆಗಳಲ್ಲಿ ಓರಗಿತ್ತಿಯಾಗಲಿ ನಾದಿನಿಯಾಗಲಿ ಎಲ್ಲಿಂದ ಬರಬೇಕು?

‘ದೊಡ್ಡಮ್ಮ’, ‘ಚಿಕ್ಕಮ್ಮ’ ಎಂಬ ಮಾತುಗಳನ್ನೇ ನೋಡಿ. ತಾಯಿಯ ಅಕ್ಕ ದೊಡ್ಡ ಅಮ್ಮ, ತಂಗಿ ಚಿಕ್ಕ ಅಮ್ಮ. ತಂದೆಯ ಅಣ್ಣನ ಹೆಂಡತಿಯೂ ದೊಡ್ಡಮ್ಮನೇ, ತಮ್ಮನ ಹೆಂಡತಿಯೂ ಚಿಕ್ಕಮ್ಮನೇ. ಹೆತ್ತವಳು ಒಬ್ಬಳಾದರೂ ‘ಅಮ್ಮ’ ಎನ್ನಿಸಿಕೊಂಡವರು ನಾಲ್ಕೈದು ಮಂದಿ. ಈಗ ಬಳಕೆಗೆ ಬಂದಿರುವ ‘ಆಂಟಿ’ ಎಂಬ ಒಂದೇ ಪದದಲ್ಲಿ ಇವರೆಲ್ಲರೂ, ಜೊತೆಗೆ ಎದುರು ಮನೆಯವರೂ ತರಕಾರಿ ಅಂಗಡಿಯಾಕೆಯೂ ಸೇರಿಹೋಗಿದ್ದಾರೆ. ‘ಹಡೆದವ್ವ’ ಎನ್ನುತ್ತೇವೆ. ‘ಹಡೆ’ ಎಂಬುದರ ಹಳೆಯ ರೂಪ ‘ಪಡೆ’, ಎಂದರೆ ದೊರಕಿಸಿಕೊಳ್ಳು. ಮಗುವನ್ನು ಪಡೆದವಳು ಹಡೆದವ್ವ. ಪಡೆಯುವುದು ಒಬ್ಬಳ ಪಾಲಿಗೆ, ಸಾಕುವುದು ಹಲವರ ಪಾಲಿಗೆ ಎಂಬ ಏರ್ಪಾಡು ಒಂದು ಕಾಲಕ್ಕೆ ನಮ್ಮ ಮಾತಿನಲ್ಲಿಯೇ ಇತ್ತು.

ಆ ಏರ್ಪಾಡನ್ನು ನೆನೆದು ನಿಟ್ಟುಸಿರು ಬಿಡುವವರು ನಮ್ಮಲ್ಲಿ ಬಹಳ ಮಂದಿ. ಮದುವೆ ಮುಂಜಿಗಳಲ್ಲಿ ನಾಲ್ಕು ಜನ ಹಿರಿಯರು ಸೇರಿದರೆ ಸಾಕು, ಅವಿಭಕ್ತ ಕುಟುಂಬದ ಗುಣಗಾನ ಮೊದಲಾಗುತ್ತದೆ. ನಾನು ಆ ಗುಣಗಾನಕ್ಕೆ ಪೂರ್ತಿಯಾಗಿ ದನಿಗೂಡಿಸಲಾರೆ. ಏಕೆಂಬುದನ್ನು ಹೇಳುತ್ತೇನೆ.

ನನ್ನ ತಾಯಿಯ ತಾಯಿ ತುಮಕೂರು ಸೀಮೆಯ ಒಂದು ಹಳ್ಳಿಯವರು. ಅವರ ಮದುವೆ 1927ರಲ್ಲಿ, 11ನೆಯ ವಯಸ್ಸಿನಲ್ಲಿ ಆಯಿತು. ಆ ಕಾಲಕ್ಕೆ ಇದು ಸೋಜಿಗವಲ್ಲ. ಮೈಸೂರು ಸಂಸ್ಥಾನದಲ್ಲಿ 1894ರಷ್ಟು ಹಿಂದೆಯೇ ಶಿಶುವಿವಾಹವನ್ನು ತಡೆಯುವ ಕಾಯಿದೆ ಬಂದಿತ್ತು. ಅದು ತಡೆದದ್ದು 8 ವರ್ಷದೊಳಗಿನ ಹೆಣ್ಣುಮಕ್ಕಳ ಮದುವೆಯನ್ನು. ಎಂಟು ವರ್ಷ! ಆ ಕಾಲದಲ್ಲಿ ಅದೂ ದೊಡ್ಡ ಸುಧಾರಣೆಯೇ. 1929ರ ಶಾರದಾ ಕಾಯಿದೆ ಬ್ರಿಟಿಷ್ ಇಂಡಿಯಾದಲ್ಲಿ ಹೆಣ್ಣಿನ ಮದುವೆಯ ವಯಸ್ಸನ್ನು 14 ಎಂದು ವಿಧಿಸಿತು. 1978ರಲ್ಲಿ ಅದು 18 ಆಯಿತು.

ನಮ್ಮಜ್ಜಿ 11 ಸಲ ಹೆತ್ತರು. ಉಳಿದು ಬೆಳೆದವರು 6 ಮಂದಿ. ನಮ್ಮ ತಾಯಿ ಅವರಲ್ಲೊಬ್ಬರು. ಹೆರಿಗೆ ಎಂದರೆ ಮನೆಯ ಹಿಂಭಾಗದ ಕತ್ತಲೆ ಕೋಣೆ. ಗಾಳಿ ತಾಕಬಾರದೆಂದು ಕಿಟಕಿಗೆ ಗೋಣಿತಾಟು. ಮೂಲೆಯಲ್ಲಿ ಕೆಂಡದ ಅಗ್ಗಿಷ್ಟಿಕೆ, ಸಾಂಬ್ರಾಣಿಯ ಹೊಗೆ. ಬಾಣಂತಿಗೆ ಹಂಡೆಗಟ್ಟಲೆ ಬಿಸಿನೀರು ಹೊಯ್ಯುತ್ತಿದ್ದರು, ಕುಡಿಯಲು ಮಾತ್ರ ನೀರು ಅಳೆದು ಕೊಡುತ್ತಿದ್ದರು. ಮೆಣಸಿನ ಸಾರು, ಬೆಳ್ಳುಳ್ಳಿ, ಸಬ್ಬಸಿಗೆ ಸೊಪ್ಪು, ತುಪ್ಪ, ಒಣಕೊಬ್ಬರಿ: ಈ ಪಥ್ಯದಲ್ಲಿ ಬೆಲೆಬಾಳುವ ಅಂಶಗಳು ಇದ್ದೇ ಇದ್ದವು, ಈಗಿನ ವೈದ್ಯರೂ ಅವುಗಳಲ್ಲಿ ಹಲವನ್ನು ತಿನ್ನಿ ಎಂದೇ ಹೇಳುತ್ತಾರೆ. ನಲವತ್ತು ದಿನ ಮನೆಗೆಲಸಕ್ಕೆ ಕೈಹಚ್ಚಕೂಡದೆಂಬ ಕಟ್ಟಳೆಯಂತೂ ಹೆಣ್ಣಿನ ಪಾಲಿಗೆ ಇದ್ದ ಏಕಮಾತ್ರ ರಜೆ. ಆದರೆ ಹೆತ್ತೊಡನೆ ಬರುವ ಮೊದಲ ಹಾಲು ಮಗುವಿಗೆ ಆಗದೆಂದು ಹಿಂಡಿ ಚೆಲ್ಲುತ್ತಿದ್ದರು. ಮಗುವಿನ ಬಾಯಿಗೆ ಬೀಳುತ್ತಿದ್ದುದು ಹರಳೆಣ್ಣೆ, ಜೇನು, ಸಕ್ಕರೆ ನೀರು. ಹುಟ್ಟಿದ ಒಂದು ಗಂಟೆಯೊಳಗೆ ಎದೆಹಾಲು ಕೊಡಬೇಕು, ಆರು ತಿಂಗಳವರೆಗೆ ಅದನ್ನಲ್ಲದೆ ನೀರನ್ನೂ ಕೊಡಕೂಡದು ಎಂದು ಈಗ ಆಸ್ಪತ್ರೆಯ ಗೋಡೆಯ ಮೇಲೆಯೇ ಬರೆದಿರುತ್ತಾರೆ. ಹೊಕ್ಕುಳ ಬಳ್ಳಿಯನ್ನು ಕೊಯ್ಯುತ್ತಿದ್ದುದು ಮನೆಯ ಕುಡುಗೋಲಿನಲ್ಲಿ. ನಮ್ಮಜ್ಜಿಯ ಎರಡು ಕೂಸುಗಳು ಎಂಟು ಹತ್ತು ದಿನದೊಳಗೆ ಮೈ ಸೆಟೆದು ಹೋದವಂತೆ. ಆಗ ಅದಕ್ಕೆ ಬಾಲಗ್ರಹ ಎಂದು ಹೆಸರು. ಧನುರ್ವಾಯು ಎಂದು ನಾವು ಈಗ ಹೇಳುತ್ತೇವೆ. ಬಾಣಂತಿಯರನ್ನೂ ಹಸುಗೂಸುಗಳನ್ನೂ ಕೊಲ್ಲುತ್ತಿದ್ದ ಆ ಧನುರ್ವಾಯುವನ್ನು ಭಾರತ ನಿರ್ಮೂಲ ಮಾಡಿದೆಯೆಂದು ವಿಶ್ವ ಆರೋಗ್ಯ ಸಂಸ್ಥೆ ಒಪ್ಪಿದ್ದು 2015ರಲ್ಲಿ.

ಹುಟ್ಟಿದವು ಹೀಗೆ ಹೋಗುತ್ತಿದ್ದಾಗ ಆ ಬಳಿಕ ಹುಟ್ಟಿದ ಮಗುವಿಗೆ ತಿಪ್ಪ, ಗುಂಡ, ಕಲ್ಲ ಎಂದು ಹೆಸರಿಡುತ್ತಿದ್ದರು. ತಿಪ್ಪೆಯ ಮೇಲೆ ಒಂದು ಗಳಿಗೆ ಮಲಗಿಸಿ ಎತ್ತಿಕೊಂಡು ಬಂದರೆ, ಯಾರಿಗೂ ಬೇಡವಾದ ಕೂಸೆಂದು ಯಮನೂ ಬಿಟ್ಟುಹೋಗುತ್ತಾನೆ ಎಂಬ ನಂಬಿಕೆ. ನಾನು ಕೆಲಸಕ್ಕೆ ಸೇರಿದಾಗ ಹಾಜರಿ ಪುಸ್ತಕದಲ್ಲಿ ತಂದೆತಾಯಿಯರ ಕಾಲಂನಲ್ಲಿ ಇಂಥ ಹೆಸರುಗಳು ಎಷ್ಟೋ ಇದ್ದವು. ಈಚೆಗೆ ಕಾಣೆ. ಆ ಹೆಸರುಗಳನ್ನು ಕೇಳಿ ನಗುವ ಮಕ್ಕಳಿಗೆ ನಾನು ಈ ಕಾರಣವನ್ನು ಹೇಳುತ್ತೇನೆ. ಆಮೇಲೆ ಅವರು ನಗುವುದಿಲ್ಲ.

ಹೆರಿಗೆ ಮಾಡಿಸುತ್ತಿದ್ದವಳು ಸೂಲಗಿತ್ತಿ. ‘ಸೂಲ್’ ಎಂದರೆ ಹೆರಿಗೆ; ಅಚ್ಚಗನ್ನಡದ ಪದ. ಈ ಸೂಲಗಿತ್ತಿಯರನ್ನು ನಾನು ಹಗುರವಾಗಿ ಕಾಣುವವಳಲ್ಲ. ವೈದ್ಯರೇ ಇಲ್ಲದ ನಾಡಿನಲ್ಲಿ ನಡುರಾತ್ರಿ ಲಾಂದ್ರ ಹಿಡಿದು ಬಂದವರು ಅವರೊಬ್ಬರೇ. ಪಾವಗಡ ಸೀಮೆಯ ಸೂಲಗಿತ್ತಿ ನರಸಮ್ಮನವರು ಒಂದು ಕಾಸನ್ನೂ ಮುಟ್ಟದೆ 15,000ಕ್ಕೂ ಹೆಚ್ಚು ಹೆರಿಗೆಗಳನ್ನು ಮಾಡಿಸಿದರು. 2018ರಲ್ಲಿ ಅವರಿಗೆ ಪದ್ಮಶ್ರೀ ಬಂತು. ಅದೇ ವರ್ಷದ ಡಿಸೆಂಬರಿನಲ್ಲಿ ತೀರಿಕೊಂಡರು. ಅಂಥ ಕೈಗುಣ ಎಲ್ಲ ಊರಿಗೂ ಇರಲಿಲ್ಲ ಎಂಬುದೇ ದುಃಖ. ಲೆಕ್ಕವನ್ನೂ ಹೇಳಿಬಿಡುತ್ತೇನೆ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ 100 ಹೆರಿಗೆಗಳಲ್ಲಿ 97 ಆಸ್ಪತ್ರೆಗಳಲ್ಲಿ ಆಗುತ್ತಿದ್ದವು. ಒಂದು ಲಕ್ಷ ಜನನಕ್ಕೆ ಸಾಯುವ ತಾಯಂದಿರ ಸಂಖ್ಯೆ ನಮ್ಮ ರಾಜ್ಯದಲ್ಲಿ 2001-03ರಲ್ಲಿ 228 ಇದ್ದದ್ದು 2018-20ರ ಹೊತ್ತಿಗೆ 69ಕ್ಕೆ ಇಳಿಯಿತು. ಹಳೆಯ ಕಾಲವೇ ಚೆನ್ನಾಗಿತ್ತು ಎನ್ನುವವರು ಈ ಎರಡು ಅಂಕಿಗಳ ನಡುವೆ ಉಳಿದುಕೊಂಡ ಹೆಂಗಸರನ್ನು ಒಮ್ಮೆ ನೆನೆಯಬೇಕು.

ಇನ್ನು, ಕೂಸನ್ನು ಎತ್ತಿಕೊಳ್ಳುತ್ತಿದ್ದ ಆ ಕೈಗಳ ವಿಚಾರ. ನಮ್ಮಜ್ಜಿಗೆ ಕೈಗಳಿಗೆ ಬರವಿರಲಿಲ್ಲ. ಮನೆಯಲ್ಲಿ ಹದಿನೆಂಟು ಇಪ್ಪತ್ತು ಜನ. ಮಗು ಅತ್ತರೆ ಯಾರೋ ಎತ್ತಿಕೊಳ್ಳುತ್ತಿದ್ದರು. ಆ ‘ಯಾರೋ’ ಯಾರು ಎಂದು ನಾನು ನನ್ನ ತಾಯಿಯನ್ನು ಕೆದಕಿ ಕೆದಕಿ ಕೇಳಿದ್ದೇನೆ. ಒಂದು ಜೊತೆ ಕೈ ನಮ್ಮ ಅಜ್ಜಿಯ ಅತ್ತಿಗೆಯದು. ಹದಿನೈದಕ್ಕೆ ವಿಧವೆಯಾಗಿ ತವರಿಗೆ ಹಿಂತಿರುಗಿ, ತಮ್ಮಂದಿರ ಮಕ್ಕಳನ್ನು ಸಾಕುವುದರಲ್ಲೇ ತಲೆ ನರೆಯಿಸಿಕೊಂಡವರು. ಇನ್ನೊಂದು ಜೊತೆ ಕೈ ಹಿರಿಯ ಮಗಳದು, ಎಂದರೆ ನನ್ನ ದೊಡ್ಡಮ್ಮನದು. ಅವರು ಊರ ಶಾಲೆಯಲ್ಲಿ ಮೂರನೆಯ ತರಗತಿಯವರೆಗೆ ಓದಿದರು. ಲೆಕ್ಕದಲ್ಲಿ ಹುಡುಗರಿಗಿಂತ ಮುಂದು. ಆ ವರ್ಷ ಮನೆಯಲ್ಲಿ ಮತ್ತೊಂದು ಕೂಸು ಹುಟ್ಟಿತು. ಎಂಟು ವರ್ಷದ ಹುಡುಗಿಯ ಕಂಕುಳಿಗೆ ಅದು ಏರಿತು. ಅದು ಇಳಿಯುವ ಹೊತ್ತಿಗೆ ಇನ್ನೊಂದು. ಹೀಗೆ ನಾಲ್ಕು ಮಕ್ಕಳನ್ನು ಹೊತ್ತು ಬೆಳೆಸಿ, ಸೊಂಟ ಒಂದು ಕಡೆಗೆ ವಾಲಿದಂತೆಯೇ ನಡೆಯುತ್ತಾ ಗಂಡನ ಮನೆಗೆ ಹೋದರು. ದೊಡ್ಡಮ್ಮ ಎಂಬ ಮಾತಿನ ಅರ್ಥವನ್ನು ನಾನು ನಿಘಂಟಿನಿಂದ ಕಲಿತದ್ದಲ್ಲ.

ಗಂಡಸರ ಕೈಗಳು? ಹಿರಿಯರ ಎದುರಿಗೆ ಗಂಡಸು ತನ್ನ ಮಗುವನ್ನು ತಾನು ಎತ್ತಿಕೊಳ್ಳುವುದು ನಾಚಿಕೆಗೇಡು. ಅಣ್ಣನ ಮಗುವನ್ನು ಎತ್ತಬಹುದು, ತನ್ನದನ್ನು ಮುಟ್ಟಕೂಡದು. ನನ್ನ ತಾಯಿಗೆ ತಮ್ಮ ತಂದೆ ತಮ್ಮನ್ನು ಎತ್ತಿಕೊಂಡ ನೆನಪು ಒಂದೇ ಒಂದು. ಕೆರೆ ಕೋಡಿ ಹರಿದು ದಾರಿಯೆಲ್ಲ ನೀರಾದಾಗ ಹೆಗಲ ಮೇಲೆ ಕೂರಿಸಿ ದಾಟಿಸಿದರಂತೆ. ಎಂಬತ್ತರ ಈ ವಯಸ್ಸಿನಲ್ಲಿಯೂ ಅವರು ಅದನ್ನು ಹೇಳುವಾಗ ದನಿ ಮೆತ್ತಗಾಗುತ್ತದೆ.

ನನ್ನ ತಾಯಿಯ ಕಾಲಕ್ಕೆ ಸಂಸಾರ ಪೇಟೆಗೆ ಬಂತು. ನಮ್ಮ ತಂದೆ ಕಚೇರಿಯಲ್ಲಿ ಗುಮಾಸ್ತರು. ವಠಾರದಲ್ಲಿ ಒಂದು ಕೋಣೆ, ಒಂದು ಅಡಿಗೆ ಮನೆ, ಏಳು ಮನೆಗಳಿಗೆ ಒಂದು ನಲ್ಲಿ. ಈ ವಠಾರಗಳನ್ನು ನಮ್ಮ ಸಾಹಿತಿಗಳು ಬೇಕಾದಷ್ಟು ಹಾಸ್ಯ ಮಾಡಿದ್ದಾರೆ. ನಲ್ಲಿ ಜಗಳ ಎಂದರೆ ವಠಾರ ಎಂದಾಗಿದೆ. ನನಗೆ ಕಾಣುವಂತೆ ಹಳ್ಳಿಯ ತುಂಬಿದ ಮನೆಗೂ ಈಗಿನ ಬೀಗ ಹಾಕಿದ ಮನೆಗೂ ನಡುವೆ ಮೂವತ್ತು ನಲವತ್ತು ವರ್ಷ ಸೇತುವೆಯಾಗಿ ನಿಂತದ್ದು ಈ ವಠಾರವೇ. ನನ್ನ ತಾಯಿ ರೇಷನ್ ಅಂಗಡಿಗೆ ಹೋಗಬೇಕಾದರೆ ಮಗುವನ್ನು ‘ಸ್ವಲ್ಪ ನೋಡ್ಕೊಳ್ರೀ’ ಎಂದು ಎದುರು ಮನೆಯಲ್ಲಿ ಬಿಟ್ಟು ಹೋಗುತ್ತಿದ್ದರು. ರಕ್ತಸಂಬಂಧವಿಲ್ಲದ ಆ ಹೆಂಗಸರನ್ನು ನಾವು ‘ಅತ್ತೆ’ ಎಂದೇ ಕರೆಯುತ್ತಿದ್ದೆವು.

ಅವರ ಕಾಲದ ದೊಡ್ಡ ಬದಲಾವಣೆ ಮಕ್ಕಳ ಸಂಖ್ಯೆಯದು. ಈ ವಿಷಯದಲ್ಲಿ ಮೈಸೂರು ಸರ್ಕಾರ ಲೋಕಕ್ಕೇ ಮುಂದಾಗಿತ್ತು ಎಂಬುದನ್ನು ನಮ್ಮವರೇ ಮರೆತಿದ್ದಾರೆ. 1930ರಲ್ಲಿ, ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆಯಲ್ಲಿ, ಸಂತಾನ ನಿಯಂತ್ರಣಕ್ಕಾಗಿ ಸರ್ಕಾರಿ ಚಿಕಿತ್ಸಾಲಯಗಳನ್ನು ತೆರೆಯುವಂತೆ ಅಪ್ಪಣೆಯಾಯಿತು. ಸರ್ಕಾರವೊಂದು ಇಂಥ ಕೆಲಸಕ್ಕೆ ಕೈಹಾಕಿದ್ದು ಪ್ರಪಂಚದಲ್ಲೇ ಅದು ಮೊದಲು ಎನ್ನುತ್ತಾರೆ. ಭಾರತ ಸರ್ಕಾರದ ಕುಟುಂಬ ಯೋಜನೆ ಬಂದದ್ದು 1952ರಲ್ಲಿ. ಅರವತ್ತರ ದಶಕದಲ್ಲಿ ಕೆಂಪು ತ್ರಿಕೋನ ಗೋಡೆಗೋಡೆಗೂ ಬಂತು, 1965ರಲ್ಲಿ ಲೂಪು ಬಂತು. ‘ಆರತಿಗೊಬ್ಬಳು ಕೀರ್ತಿಗೊಬ್ಬ’ ಎಂಬ ಘೋಷಣೆ ಬಸ್ಸಿನ ಹಿಂದೆಯೂ ಬಂತು. ನನ್ನ ತಾಯಿ ನಾಲ್ಕಕ್ಕೆ ನಿಲ್ಲಿಸಿದರು. ನಿಲ್ಲಿಸುವುದು ತಮ್ಮ ಕೈಯಲ್ಲಿದೆ ಎಂದು ತಿಳಿದ ಮೊದಲ ತಲೆಮಾರಿನ ಹೆಂಗಸರು ಅವರು. ನಮ್ಮಜ್ಜಿ ಇದನ್ನು ಕೇಳಿ, ‘ನಮ್ಮ ಕಾಲದಲ್ಲಿ ಯಾರೂ ಹೇಳಲಿಲ್ಲವಲ್ಲೇ’ ಎಂದರಂತೆ. ಆಕ್ಷೇಪಣೆಯ ದನಿಯಲ್ಲಿ ಅಲ್ಲ.

ಎಲ್ಲವೂ ಮೇಲಾಯಿತು ಎನ್ನುವಂತಿಲ್ಲ. ಡಬ್ಬದ ಹಾಲು ನಾಗರಿಕತೆಯ ಗುರುತಾಗಿ ಮನೆಗೆ ಬಂದದ್ದು ಆಗಲೇ. ಡಬ್ಬದ ಮೇಲಿನ ಗುಂಡುಮುಖದ ಮಗುವನ್ನು ನೋಡಿ ಎದೆಹಾಲನ್ನು ಬಿಡಿಸಿದ ವಿದ್ಯಾವಂತ ತಾಯಂದಿರು ಎಷ್ಟು ಮಂದಿಯೋ! ಅಂಥ ಜಾಹೀರಾತನ್ನು ನಿಷೇಧಿಸಲು 1992ರವರೆಗೆ ಕಾಯಬೇಕಾಯಿತು.

ಇನ್ನೊಂದು ಮಾತು. ತಾಯಿ ಒಂಟಿಯಾದದ್ದು ಆ ಕಾಲದಲ್ಲಿಯೇ, ಆದರೆ ಅದನ್ನು ಮೊದಲು ಕಂಡು ಹೇಳಿದವರು ವೈದ್ಯರಿಗಿಂತ ಮುಂಚೆ ನಮ್ಮ ಕಾದಂಬರಿಕಾರ್ತಿ ತ್ರಿವೇಣಿಯವರು ಎಂದು ನನಗೆ ತೋರುತ್ತದೆ. ‘ಶರಪಂಜರ’ದ ಕಾವೇರಿಯ ಬುದ್ಧಿ ಕದಡುವುದು ಹೆರಿಗೆಯ ಅನಂತರ. ಬಾಣಂತಿ ಸನ್ನಿ ಎಂದು ಹೆದರಿ, ದೆವ್ವ ಹಿಡಿದಿದೆಯೆಂದು ಬೇವಿನ ಸೊಪ್ಪಿನಿಂದ ಬಡಿಯುತ್ತಿದ್ದ ರೋಗವನ್ನು ರೋಗವೆಂದೇ ಅವರು ತೋರಿಸಿದರು. ಗುಣವಾಗಿ ಮನೆಗೆ ಬಂದ ಹೆಣ್ಣನ್ನು ಮನೆಯವರೇ ಹೇಗೆ ನಡೆಸಿಕೊಳ್ಳುತ್ತಾರೆ ಎಂಬುದನ್ನೂ ತೋರಿಸಿದರು. 1971ರಲ್ಲಿ ಅದು ಪುಟ್ಟಣ್ಣ ಕಣಗಾಲರ ನಿರ್ದೇಶನದಲ್ಲಿ ಚಲನಚಿತ್ರವಾಗಿ ಮನೆಮನೆಗೂ ತಲುಪಿತು. ಅದನ್ನು ನೋಡಲು ತ್ರಿವೇಣಿಯವರು ಇರಲಿಲ್ಲ. 1963ರ ಜುಲೈನಲ್ಲಿ, ತಾವು ಮಗಳನ್ನು ಹೆತ್ತ ಕೆಲವೇ ದಿನಗಳಲ್ಲಿ ಅವರು ತೀರಿಕೊಂಡರು. ಇನ್ನೂ 35 ತುಂಬಿರಲಿಲ್ಲ. ಈಗ ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯಲ್ಲಿ ಇಂಥ ತಾಯಿಯನ್ನು ಮಗುವಿನಿಂದ ಅಗಲಿಸದೆ ಇಬ್ಬರನ್ನೂ ಒಟ್ಟಿಗೇ ಇರಿಸಿಕೊಂಡು ಚಿಕಿತ್ಸೆ ಕೊಡುವ ವಿಭಾಗವೇ ಇದೆ. ನಿಮ್ಮ ಮನೆಯಲ್ಲಿ ಬಾಣಂತಿಯೊಬ್ಬಳು ಕಾರಣವಿಲ್ಲದೆ ಅಳುತ್ತಿದ್ದರೆ, ನಿದ್ದೆ ಬಿಟ್ಟಿದ್ದರೆ, ಮಗುವಿನ ಮುಖ ನೋಡಲು ಒಲ್ಲೆನೆಂದರೆ, ‘ಸೊಕ್ಕು’ ಎನ್ನಬೇಡಿ. ವೈದ್ಯರ ಬಳಿಗೆ ಕರೆದುಕೊಂಡು ಹೋಗಿ.

ನನ್ನ ಕಾಲದ ಕಥೆ ಚಿಕ್ಕದು. ನಾನು 1992ರಲ್ಲಿ ಕೆಲಸಕ್ಕೆ ಸೇರಿದೆ. 1995ರಲ್ಲಿ ಮಗಳು ಹುಟ್ಟಿದಳು, ಮೂರು ವರ್ಷದ ಮೇಲೆ ಮಗ. ಸಿಕ್ಕ ರಜೆ ಸುಮಾರು ಮೂರು ತಿಂಗಳು. ಆಮೇಲೆ ಮಗುವನ್ನು ನೋಡಿಕೊಂಡವರು ನಮ್ಮ ಅತ್ತೆಯವರು. ತಾವು ಏಳು ಮಕ್ಕಳನ್ನು ಸಾಕಿ ಸಾಕಾಗಿ, ಅರವತ್ತೆರಡನೆಯ ವಯಸ್ಸಿನಲ್ಲಿ ಮತ್ತೆ ಮೊದಲಿನಿಂದ ಆರಂಭಿಸಿದರು. ಮಧ್ಯಾಹ್ನದ ಗಂಟೆ ಹೊಡೆದ ಕೂಡಲೇ ನಾನು ಎರಡು ಬೀದಿ ದಾಟಿ ಮನೆಗೆ ಬಂದು ಹಾಲೂಡಿಸಿ ಮತ್ತೆ ಗಂಟೆಗೆ ಮುಂಚೆ ಶಾಲೆ ಸೇರುತ್ತಿದ್ದೆ. ತಿಂಗಳ ಮೊದಲ ದಿನ ಅತ್ತೆಯವರು ನಗುತ್ತಾ, ‘ನಿನ್ನ ಸಂಬಳದಲ್ಲಿ ಅರ್ಧ ನನ್ನದು ಕಣಮ್ಮ’ ಎನ್ನುತ್ತಿದ್ದರು. ಅದು ನಗೆಯ ಮಾತಾಗಿತ್ತೇ ಹೊರತು ಸುಳ್ಳಾಗಿರಲಿಲ್ಲ. ನನ್ನ ವಯಸ್ಸಿನ ಉದ್ಯೋಗಸ್ಥ ಹೆಂಗಸರಲ್ಲಿ ಬಹುಪಾಲಿನವರ ಸೇವಾ ಪುಸ್ತಕದ ಹಿಂದೆ ಒಬ್ಬ ಅತ್ತೆಯೋ ತಾಯಿಯೋ ಇದ್ದಾರೆ. ಅವರ ಹೆಸರು ಎಲ್ಲೂ ನಮೂದಾಗಿಲ್ಲ.

ಈಗ ನನ್ನ ಮಗಳ ಸರದಿ. ಬೆಂಗಳೂರಿನಲ್ಲಿ ಕೆಲಸ, ಅಳಿಯನಿಗೂ ಅಲ್ಲೇ. ಹೋದ ವರ್ಷ ಗಂಡು ಮಗುವಾಯಿತು. ಭಾರತದಲ್ಲಿ ಒಬ್ಬ ಹೆಂಗಸಿಗೆ ಸರಾಸರಿ ಸುಮಾರು 6 ಮಕ್ಕಳಿದ್ದ ಕಾಲ ಸ್ವಾತಂತ್ರ್ಯ ಬಂದ ಹೊಸದು. 2019-21ರ ಸಮೀಕ್ಷೆಯಲ್ಲಿ ಕರ್ನಾಟಕದ ಸರಾಸರಿ 1.7. ಎರಡಕ್ಕೂ ಕಡಮೆ. ಹಾಗಿದ್ದ ಮೇಲೆ ಒಂದು ಮಗುವನ್ನು ಸಾಕುವುದು ಹನ್ನೊಂದನ್ನು ಸಾಕುವುದಕ್ಕಿಂತ ಹಗುರವಾಗಿರಬೇಕಲ್ಲವೇ? ನೀವೇ ನಿಮ್ಮ ಸೊಸೆಯನ್ನೋ ಮಗಳನ್ನೋ ಕೇಳಿ ನೋಡಿ. ಅಜ್ಜಿಯ ಕಾಲದಲ್ಲಿ ಮಗು ಅತ್ತರೆ ಹಲ್ಲು ಬರುತ್ತಿದೆ ಎಂದು ಹೇಳುವವರು ಮನೆಯಲ್ಲೇ ಐವರು. ಈಗ ರಾತ್ರಿ ಎರಡು ಗಂಟೆಗೆ ಮಗು ಅತ್ತರೆ ಕೈಯಲ್ಲಿರುವುದು ಮೊಬೈಲು. ಅದರಲ್ಲಿ ಐವತ್ತು ಮಂದಿ ಅಪರಿಚಿತರು ಐವತ್ತು ಕಾರಣ ಹೇಳುತ್ತಾರೆ. ಒಬ್ಬರೂ ಮಗುವನ್ನು ಎತ್ತಿಕೊಳ್ಳುವುದಿಲ್ಲ.

1961ರ ಹೆರಿಗೆ ಸೌಲಭ್ಯದ ಕಾಯಿದೆ 12 ವಾರ ರಜೆ ಕೊಟ್ಟಿತು. 2017ರಲ್ಲಿ ಅದನ್ನು ಮೊದಲ ಎರಡು ಮಕ್ಕಳಿಗೆ 26 ವಾರವಾಗಿ ಹೆಚ್ಚಿಸಿದರು. ಐವತ್ತು ಅಥವಾ ಅದಕ್ಕಿಂತ ಹೆಚ್ಚು ಕೆಲಸಗಾರರಿರುವ ಕಡೆ ಶಿಶುವಿಹಾರವಿರಬೇಕೆಂದೂ ವಿಧಿಸಿದರು. ಕರ್ನಾಟಕ ಸರ್ಕಾರ 2021ರಲ್ಲಿ ತನ್ನ ಮಹಿಳಾ ನೌಕರರಿಗೆ ಶಿಶುಪಾಲನಾ ರಜೆಯನ್ನೂ ಕೊಟ್ಟಿತು. ಇವೆಲ್ಲ ಒಳ್ಳೆಯ ಕೆಲಸಗಳು. ಆದರೆ 26 ವಾರ ಕಳೆದ ಮೇಲೆ? ಅಂಗನವಾಡಿಯಲ್ಲಿ ಮಕ್ಕಳನ್ನು ಕೂರಿಸಿಕೊಂಡು ಕಲಿಸುವುದು ಮೂರು ವರ್ಷ ತುಂಬಿದ ಮೇಲೆ. ಆರು ತಿಂಗಳಿಗೂ ಮೂರು ವರ್ಷಕ್ಕೂ ನಡುವೆ ಎರಡೂವರೆ ವರ್ಷ ಇದೆ. ಮಗು ತೆವಳುವುದು, ಹೊಸ್ತಿಲು ದಾಟುವುದು, ಬಿದ್ದು ಏಳುವುದು, ಮಾತು ಕಲಿಯುವುದು ಎಲ್ಲವೂ ಆ ಎರಡೂವರೆ ವರ್ಷದಲ್ಲಿಯೇ. ಎಷ್ಟೋ ಹೆಣ್ಣುಮಕ್ಕಳು ಕೆಲಸ ಬಿಡುವುದೂ ಆ ಎರಡೂವರೆ ವರ್ಷದಲ್ಲಿಯೇ.

ನಾನೇ ಹೋಗಿ ನೋಡಿಕೊಳ್ಳಬೇಕಿತ್ತು ಎಂದು ನೀವು ಹೇಳಬಹುದು. ನಮ್ಮ ನೆಂಟರೂ ಹೇಳಿದರು. ನನ್ನ ನಿವೃತ್ತಿಗೆ ಇನ್ನೂ ಮೂರು ವರ್ಷವಿದೆ. ತಾಯಿಗೆ ರಜೆ ಇದೆ. ಸರ್ಕಾರಿ ನೌಕರನಾದ ತಂದೆಗೆ 15 ದಿನ ಇದೆ. ಅಜ್ಜಿಗೆ ಎಂಬ ರಜೆ ಯಾವ ಕೈಪಿಡಿಯಲ್ಲೂ ಇಲ್ಲ. ಸಂಬಳದ ಕೆಲಸವಿರುವ ಅಜ್ಜಿಯರು ನಮ್ಮ ಸಮಾಜದಲ್ಲಿ ಹೊಸಬರು. ಕೆಲಸವಿಲ್ಲದ ಅಜ್ಜಿಯರದು ಬೇರೊಂದು ಕಥೆ. ನಮ್ಮ ಬೀದಿಯಲ್ಲಿ ಮೂರು ಮನೆಗೆ ಬೀಗ. ಯಜಮಾನಿತಿಯರು ಅಮೆರಿಕದಲ್ಲಿ ಬಾಣಂತನಕ್ಕೆ ಹೋಗಿದ್ದಾರೆ. ಪೆಟ್ಟಿಗೆಯಲ್ಲಿ ಬಜೆ, ಮೆಂತ್ಯದ ಹಿಟ್ಟು, ಒಣಶುಂಠಿ. ಆರು ತಿಂಗಳು ಮಗಳ ತಾಯಿ, ಆಮೇಲೆ ಆರು ತಿಂಗಳು ಅಳಿಯನ ತಾಯಿ: ಕಾರ್ಖಾನೆಯ ಪಾಳಿಯಂತೆ. ಹಿಂದೆ ಮಗಳು ತವರಿಗೆ ಬರುತ್ತಿದ್ದಳು. ಈಗ ತವರೇ ವಿಮಾನ ಹತ್ತಿದೆ.

ನಮ್ಮ ಮನೆಯಲ್ಲಿ ಆದದ್ದನ್ನು ಹೇಳಿದರೆ ನೀವು ನಗಬಹುದು. ಎರಡು ವರ್ಷದ ಹಿಂದೆ ನಿವೃತ್ತರಾಗಿ, ಬೆಳಗ್ಗೆ ಪತ್ರಿಕೆ, ಸಂಜೆ ವಾಯುಸಂಚಾರ ಎಂದಿದ್ದ ನಮ್ಮ ಮನೆಯವರು ಹೊರಟರು. ತಮ್ಮ ಸ್ವಂತ ಮಕ್ಕಳನ್ನು ತಂದೆಯ ಎದುರಿಗೆ ಎತ್ತಿಕೊಂಡವರಲ್ಲ. ಎತ್ತಿಕೊಂಡರೂ ತತ್‌ಕ್ಷಣ ನನ್ನ ಕೈಗೆ ವರ್ಗಾಯಿಸುತ್ತಿದ್ದರು. ಮೊದಲ ವಾರ ದಿನಕ್ಕೆ ಆರು ಸಲ ಫೋನು. ರಾಗಿಸರಿ ಎಷ್ಟು ಗಟ್ಟಿ ಇರಬೇಕು? ಎಣ್ಣೆ ಮೊದಲು ಕಾಲಿಗೋ ತಲೆಗೋ? ಎರಡನೆಯ ತಿಂಗಳಿಗೆ ಫೋನು ನಿಂತಿತು. ಈಗ ನಾನು ಹಬ್ಬದ ರಜೆಯಲ್ಲಿ ಹೋದರೆ, ‘ನೀನು ಹಾಗೆ ಹಿಡಿಯಬೇಡ, ಅವನಿಗೆ ಆಗುವುದಿಲ್ಲ’ ಎಂದು ನನಗೇ ಪಾಠ ಹೇಳುತ್ತಾರೆ! ಸಂಜೆ ಏಳಕ್ಕೆ ಅಳಿಯ ಬಂದು ಮಗುವನ್ನು ಎತ್ತಿಕೊಳ್ಳುತ್ತಾನೆ. ರಾತ್ರಿಯ ಅರ್ಧ ಅವನದು, ಅರ್ಧ ಮಗಳದು. ಅವನ ತಾಯಿಗೆ ಇದು ಮೊದಲು ಸರಿಬರಲಿಲ್ಲ. ಮಗ ಕೂಸಿನ ಬಟ್ಟೆ ತೊಳೆಯುವುದನ್ನು ನೋಡಿ ಒಳಗೆ ಹೋಗಿ ಕಣ್ಣೊರಸಿಕೊಂಡರೆಂದು ಕೇಳಿದ್ದೇನೆ. ಈಗ ಅವರೂ ಸುಮ್ಮನಿದ್ದಾರೆ.

ಎಲ್ಲರ ಮನೆಯಲ್ಲೂ ನಿವೃತ್ತ ತಾತ ಇರುವುದಿಲ್ಲ. ಆಗ ಆಯಾ ಬರುತ್ತಾಳೆ. ತಪ್ಪಿಲ್ಲ. ಸಂಬಳಕ್ಕಾಗಿ ಮಗುವನ್ನು ನೋಡಿಕೊಳ್ಳುವವಳಿಗೆ ಪ್ರೀತಿ ಇರುವುದಿಲ್ಲ ಎನ್ನುವ ಮಾತನ್ನು ನಾನು ಒಪ್ಪುವುದಿಲ್ಲ. ನನ್ನ ಪ್ರಶ್ನೆ ಬೇರೆ. ನಿಮ್ಮ ಮನೆಯ ಕೂಸನ್ನು ಆ ಹೆಂಗಸು ಎತ್ತಿಕೊಂಡಿರುವಾಗ ಅವಳ ಮನೆಯ ಕೂಸನ್ನು ಯಾರು ಎತ್ತಿಕೊಂಡಿರುತ್ತಾರೆ?

ಇದು ಊಹೆಯ ಪ್ರಶ್ನೆಯಲ್ಲ. ನನ್ನ ಎಂಟನೆಯ ತರಗತಿಯಲ್ಲಿ ಒಬ್ಬ ಹುಡುಗಿ ಇದ್ದಾಳೆ. ಹಾಜರಿ ಪುಸ್ತಕದಲ್ಲಿ ಅವಳ ಸಾಲಿನ ತುಂಬ ಗೈರುಹಾಜರಿಯ ಗುರುತು. ಸೋಮಾರಿಯಲ್ಲ, ಬಂದ ದಿನ ಹಳಗನ್ನಡದ ಪದ್ಯವನ್ನು ತಡೆಯಿಲ್ಲದೆ ಓದುತ್ತಾಳೆ. ಅವಳ ತಾಯಿ ಬಡಾವಣೆಯ ಒಂದು ಮನೆಯಲ್ಲಿ ಬೆಳಗ್ಗೆ ಎಂಟರಿಂದ ಸಂಜೆ ಆರರವರೆಗೆ ಮಗು ನೋಡಿಕೊಳ್ಳುತ್ತಾರೆ. ತಂದೆ ಲಾರಿ ಕ್ಲೀನರು, ಊರಲ್ಲಿರುವುದು ಕಡಮೆ. ಮನೆಯಲ್ಲಿ ಎರಡು ವರ್ಷ ದಾಟಿದ ತಮ್ಮ. ಅವಳನ್ನು ನೋಡಿದಾಗಲೆಲ್ಲ ನನಗೆ ದೊಡ್ಡಮ್ಮನ ವಾಲಿದ ಸೊಂಟ ನೆನಪಾಗುತ್ತದೆ. ನಡುವೆ ಎಂಬತ್ತು ವರ್ಷ ಕಳೆದಿದೆ. ನಮ್ಮ ಮನೆಯಿಂದ ಇಳಿದುಹೋದ ಹೊರೆ ಇವಳ ಕಂಕುಳಿಗೆ ಏರಿದೆ.

1975ರ ಅಕ್ಟೋಬರ್ 2ರಂದು ದೇಶದಲ್ಲಿ ಸಮಗ್ರ ಶಿಶು ಅಭಿವೃದ್ಧಿ ಯೋಜನೆ ಆರಂಭವಾದಾಗ ಮೊದಲ 33 ಕಡೆಗಳಲ್ಲಿ ನಮ್ಮ ತಿರುಮಕೂಡಲು ನರಸೀಪುರವೂ ಒಂದು. ಅಂಗನವಾಡಿಗಳು ಬಂದದ್ದು ಅದರಿಂದ. ಮೂರು ವರ್ಷದ ಕೆಳಗಿನ ಮಕ್ಕಳ ಪ್ರಶ್ನೆ ಆಗ ಉಳಿಯಿತು. 2023ರಲ್ಲಿ ಕರ್ನಾಟಕ ಸರ್ಕಾರ ಗ್ರಾಮ ಪಂಚಾಯಿತಿಗಳಲ್ಲಿ, ಉದ್ಯೋಗ ಖಾತರಿ ಕೆಲಸಕ್ಕೆ ಹೋಗುವ ಹೆಂಗಸರ ಚಿಕ್ಕ ಮಕ್ಕಳಿಗಾಗಿ, ‘ಕೂಸಿನ ಮನೆ’ಗಳನ್ನು ತೆರೆಯುವ ಯೋಜನೆ ಹಾಕಿತು. ಸರ್ಕಾರದ ಯೋಜನೆಗಳಿಗೆ ಇಡುವ ಹೆಸರುಗಳಲ್ಲಿ ನಾನು ಮೆಚ್ಚಿಕೊಂಡದ್ದು ಕೆಲವೇ, ಅವುಗಳಲ್ಲಿ ಇದೊಂದು. ಆದರೆ ಅದು ಹಳ್ಳಿಗೆ. ನಮ್ಮಂಥ ಪಟ್ಟಣದ ವಾರ್ಡುಗಳಲ್ಲಿ ಮನೆಗೆಲಸಕ್ಕೆ ಹೋಗುವ ಹೆಂಗಸಿನ ಮಗುವಿಗೂ ಅಂಥದೊಂದು ಮನೆ ಬೇಕಲ್ಲವೇ? ನಿಮ್ಮ ವಾರ್ಡಿನ ಸದಸ್ಯರು ಮತ ಕೇಳಲು ಬಂದಾಗ ಚರಂಡಿ, ಬೀದಿದೀಪಗಳ ಜೊತೆಗೆ ಇದನ್ನೂ ಒಂದು ಮಾತು ಕೇಳಿ. ಅಲ್ಲಿಯವರೆಗೆ, ನಿಮ್ಮ ಮನೆಗೆ ಬರುವಾಕೆಯನ್ನು ಅವಳ ಮಗುವಿನ ವಿಷಯ ವಿಚಾರಿಸಿ. ಕರೆದುಕೊಂಡು ಬರಲಿ ಎನ್ನಿ. ನಿಮ್ಮ ಮಗುವಿಗೂ ಆಡಲು ಒಬ್ಬ ಜೊತೆಗಾರ ಸಿಕ್ಕಂತಾಯಿತು.

ಆ ಹುಡುಗಿಯ ತಾಯಿ ಕೆಲಸ ಮಾಡುವ ಮನೆಯವರನ್ನು ನಾನು ಹೋಗಿ ಕಂಡೆ. ವಾರಕ್ಕೆ ಮೂರು ದಿನ ಹುಡುಗನನ್ನು ಕರೆದುಕೊಂಡು ಬರಲು ಒಪ್ಪಿದ್ದಾರೆ. ಮುಂದಿನ ಜೂನಿಗೆ ಅವನಿಗೆ ಮೂರು ತುಂಬುತ್ತದೆ, ಅಂಗನವಾಡಿಗೆ ಸೇರಿಸಬಹುದು. ಅಷ್ಟರಲ್ಲಿ ತಪ್ಪಿಹೋದ ಪಾಠಗಳನ್ನು ಅವಳಿಗೆ ಸಂಜೆ ನಮ್ಮ ಮನೆಯಲ್ಲಿ ಹೇಳಿಕೊಡುವುದೆಂದು ಗೊತ್ತಾಗಿದೆ; ನಮ್ಮ ಮನೆಯವರು ಬೆಂಗಳೂರಿನಲ್ಲಿರುವುದರಿಂದ ಸಂಜೆ ಮನೆಯೂ ಖಾಲಿ. ಐದೂವರೆಗೆ ಬರುತ್ತಾಳೆ. ತಾಯಿ ಇನ್ನೂ ಬಂದಿರುವುದಿಲ್ಲವಾದ್ದರಿಂದ ತಮ್ಮನನ್ನು ಎತ್ತಿಕೊಂಡೇ ಬರುತ್ತಾಳೆ.